ಟ್ರಂಕಿನೊಳಗಿದ್ದ ಅರ್ಧ ಕಾದಂಬರಿ

1990ರ ಕೊನೆಯ ತಿಂಗಳುಗಳಲ್ಲಿ ಹಾಲಿವುಡ್‌ನ ಒಂದು ಮನೆಯಲ್ಲಿ, ಗ್ರಂಥಪಾಲಕಿಯಾಗಿದ್ದ ಹೆಂಗಸೊಬ್ಬರು ಅಟ್ಟ ಸೇರಿದ್ದ ಹಳೆಯ ಟ್ರಂಕುಗಳನ್ನು ತೆರೆಯಲು ಕೂತರು. ನ್ಯೂಯಾರ್ಕ್ ರಾಜ್ಯದಲ್ಲಿದ್ದ ಸೋದರತ್ತೆಯ ಕಡೆಯಿಂದ ಬಂದ ಟ್ರಂಕುಗಳವು, ಒಟ್ಟು ಆರು. ತುಂಬ ಇದ್ದದ್ದು ಅಜ್ಜನ ಕಾಲದ ಕಾಗದಪತ್ರ. ಅದರ ನಡುವೆ ಶಾಯಿಯಲ್ಲಿ ಬರೆದು, ಹೊಡೆದುಹಾಕಿ, ಸಾಲುಗಳ ಮಧ್ಯೆ ತಿದ್ದಿದ ಹಾಳೆಗಳ ದಪ್ಪ ಕಟ್ಟೊಂದು ಸಿಕ್ಕಿತು. ಸುಮಾರು 665 ಹಾಳೆ. ಮಿಸಿಸಿಪ್ಪಿ ದಂಡೆಯ ಒಬ್ಬ ಹುಡುಗ ತನ್ನ ಕತೆಯನ್ನು ತಾನೇ ಹೇಳುತ್ತಿದ್ದ. ಮಾರ್ಕ್ ಟ್ವೇನನ ‘ಅಡ್ವೆಂಚರ್ಸ್ ಆಫ್ ಹಕಲ್‌ಬೆರಿ ಫಿನ್’ ಕಾದಂಬರಿಯ ಮೊದಲರ್ಧ, ಲೇಖಕನ ಸ್ವಂತ ಕೈಬರಹದಲ್ಲಿ. ನೂರಕ್ಕೂ ಹೆಚ್ಚು ವರ್ಷ ಅದು ಯಾರ ಕಣ್ಣಿಗೂ ಬಿದ್ದಿರಲಿಲ್ಲ. ಹೋಯಿತು ಎಂದೇ ಅಮೆರಿಕದ ವಿದ್ವಾಂಸರು ಲೆಕ್ಕ ಹಾಕಿಬಿಟ್ಟಿದ್ದರು.

ಇನ್ನರ್ಧ ಮಾತ್ರ ಎಲ್ಲರಿಗೂ ಗೊತ್ತಿತ್ತು. ಅದು ಖಂಡದ ಆಚೆ ತುದಿಯಲ್ಲಿ, ಬಫಲೋ ನಗರದ ಸಾರ್ವಜನಿಕ ಗ್ರಂಥಾಲಯದಲ್ಲಿ ಭದ್ರವಾಗಿತ್ತು. ಒಂದೇ ಪುಸ್ತಕದ ಎರಡು ಭಾಗಗಳು ಹೀಗೆ ದಿಕ್ಕಾಪಾಲಾದದ್ದು ಹೇಗೆ ಎಂದು ತಿಳಿಯಲು ಜೇಮ್ಸ್ ಫ್ರೇಸರ್ ಗ್ಲಕ್ ಎಂಬ ವಕೀಲನನ್ನು ನೆನೆಯಬೇಕು. ಬಫಲೋದ ಯಂಗ್ ಮೆನ್ಸ್ ಅಸೋಸಿಯೇಷನ್ ಗ್ರಂಥಾಲಯದ ಆಡಳಿತದಲ್ಲಿದ್ದ ಈತನಿಗೆ ಒಂದು ದೊಡ್ಡ ಆಸೆ: ತಮ್ಮೂರಿನ ಗ್ರಂಥಾಲಯದಲ್ಲಿ ಅಚ್ಚಾದ ಪುಸ್ತಕಗಳಷ್ಟೇ ಇದ್ದರೆ ಸಾಲದು, ಅವು ಹುಟ್ಟಿದ ಹಾಳೆಗಳೂ ಇರಬೇಕು. ಅದಕ್ಕಾಗಿ ಲೇಖಕರಿಗೆ ಒಬ್ಬೊಬ್ಬರಿಗೂ ಪತ್ರ ಬರೆದು, ನಿಮ್ಮ ಹಸ್ತಪ್ರತಿ ಕೊಡಿ ಎಂದು ಬೇಡಿದ. ಹಸ್ತಪ್ರತಿಗೆ ಬೆಲೆಯಿದೆಯೆಂಬ ಅರಿವು ಲೇಖಕರಿಗೇ ಅಷ್ಟಾಗಿ ಇರದ ಕಾಲವದು. ಅಚ್ಚಾದ ಮೇಲೆ ಹಾಳೆಗಳು ಕಸಕ್ಕೆ ಹೋಗುತ್ತಿದ್ದವು. ಟ್ವೇನನಿಗೆ ಬಫಲೋ ಹೊಸ ಊರೇನಲ್ಲ. 1869ರಿಂದ 1871ರವರೆಗೆ ಅಲ್ಲಿನ ‘ಬಫಲೋ ಎಕ್ಸ್‌ಪ್ರೆಸ್’ ಪತ್ರಿಕೆಯ ಪಾಲುದಾರನೂ ಸಂಪಾದಕನೂ ಆಗಿ, ಹೊಸ ಸಂಸಾರ ಹೂಡಿ ಬಾಳಿದ್ದ.

1885ರಲ್ಲಿ, ಅಮೆರಿಕದಲ್ಲಿ ಪುಸ್ತಕ ಹೊರಬಂದ ವರ್ಷವೇ, ಟ್ವೇನ್ ಗ್ಲಕ್‌ಗೆ ಕಾದಂಬರಿಯ ಉತ್ತರಾರ್ಧ ಕಳಿಸಿದ. ಮೊದಲರ್ಧ ಅಚ್ಚುಮನೆಯಲ್ಲಿ ಹಾಳಾಗಿರಬೇಕು ಎಂಬುದು ಅವನ ಭಾವನೆ. ಎರಡು ವರ್ಷದ ಮೇಲೆ, 1887ರಲ್ಲಿ, ಅದೂ ಸಿಕ್ಕಿ ಅದನ್ನೂ ಕಳಿಸಿಕೊಟ್ಟ. ಇಲ್ಲಿಂದ ಮುಂದೆ ಎಳೆ ಕಡಿಯುತ್ತದೆ. ಓದಲೆಂದೋ ಬೈಂಡ್ ಮಾಡಿಸಲೆಂದೋ ಗ್ಲಕ್ ಆ ಕಟ್ಟನ್ನು ಮನೆಗೆ ಒಯ್ದಿರಬೇಕೆಂಬುದು ಎಲ್ಲರ ಊಹೆ. 1897ರಲ್ಲಿ, ಇನ್ನೂ ನಡುವಯಸ್ಸಿನಲ್ಲೇ, ಅವನು ಹಠಾತ್ತನೆ ತೀರಿಕೊಂಡ. ಮನೆಯವರು ಕಾಗದಗಳನ್ನು ತುಂಬಿಟ್ಟರು. ಯಾರೂ ಕದಿಯಲಿಲ್ಲ, ಯಾರೂ ಬಚ್ಚಿಡಲಿಲ್ಲ. ಲೇಖಕರ ಹಾಳೆಗಳನ್ನು ನಾಶದಿಂದ ಉಳಿಸಲು ಅಷ್ಟೆಲ್ಲ ಓಡಾಡಿದ ಮನುಷ್ಯನ ಕೈಯಿಂದಲೇ ಅವುಗಳಲ್ಲಿ ಬಹುಮುಖ್ಯವಾದದ್ದು ಕಣ್ಮರೆಯಾಯಿತು. ಆದರೆ ಹಾಳಾಗಲಿಲ್ಲ. ಗ್ಲಕ್ ಕೇಳದೇ ಹೋಗಿದ್ದರೆ ಎರಡೂ ಅರ್ಧಗಳು ಇಂದು ಇರುತ್ತಿದ್ದವೇ ಎಂಬ ಅನುಮಾನ ನನಗಿದೆ. ಆ ಉಪಕಾರವನ್ನು ಮರೆತು ಅವನ ಮರೆವನ್ನಷ್ಟೇ ಹೇಳುವುದು ನ್ಯಾಯವಲ್ಲ.

ಹಸ್ತಪ್ರತಿ ಹಾಲಿವುಡ್‌ನಲ್ಲಿ ಸಿಕ್ಕಿತೆಂಬುದಕ್ಕೆ ಇನ್ನೊಂದು ಸ್ವಾರಸ್ಯವೂ ಇದೆ. ಕಾದಂಬರಿಯ ಹುಡುಗ ಹಕ್‌ನನ್ನು ಹಾಲಿವುಡ್ ಮೂಕಿ ಚಿತ್ರಗಳ ಕಾಲದಿಂದಲೂ ಬಿಟ್ಟಿರಲಿಲ್ಲ. 1920ರಲ್ಲೇ ಒಂದು ಚಿತ್ರ ಬಂತು. 1939ರಲ್ಲಿ ಮಿಕಿ ರೂನಿ ಹಕ್ ಆದ. 1960ರ ಚಿತ್ರದಲ್ಲಿ ಹಕ್‌ನ ಸಂಗಾತಿ ಜಿಮ್‌ನ ಪಾತ್ರಕ್ಕೆ ಬಾಕ್ಸಿಂಗ್ ವೀರ ಆರ್ಚಿ ಮೂರ್ ಬಂದರೆ, ಸಿಂಹ ಪಳಗಿಸುವವನ ಚಿಕ್ಕ ಪಾತ್ರದಲ್ಲಿ ಕಾಣಿಸಿಕೊಂಡದ್ದು ಮೂಕಿ ಯುಗದ ಮಹಾನಟ ಬಸ್ಟರ್ ಕೀಟನ್. ಸ್ವತಃ ಟ್ವೇನನನ್ನೂ 1909ರಲ್ಲಿ, ಸಾಯುವುದಕ್ಕೆ ಒಂದು ವರ್ಷ ಮುಂಚೆ, ಎಡಿಸನ್ ಕಂಪನಿಯ ಕ್ಯಾಮೆರಾ ಸೆರೆಹಿಡಿಯಿತು. ಬಿಳಿ ಉಡುಪಿನ ಮುದುಕ ಚುಟ್ಟ ಸೇದುತ್ತ ಮನೆಯ ಸುತ್ತ ಬಿರಬಿರನೆ ನಡೆಯುವ ಆ ತುಣುಕು ಈಗಲೂ ಉಳಿದಿದೆ. ಆದರೆ ಇಷ್ಟು ಚಿತ್ರ ತೆಗೆದವರೆಲ್ಲ ನೆಚ್ಚಿಕೊಂಡದ್ದು ಅಚ್ಚಾದ ಪುಸ್ತಕವನ್ನು ಮಾತ್ರ. ಅದರ ಹಿಂದಿನ ಬರವಣಿಗೆ ಹೇಗಿತ್ತೆಂದು ನೋಡಿದವರು ಯಾರೂ ಇರಲಿಲ್ಲ.

ಸಿಕ್ಕಿದ್ದನ್ನು ಸೋದಬಿ ಹರಾಜು ಸಂಸ್ಥೆ ಪರೀಕ್ಷಿಸಿತು. 1991ರ ಫೆಬ್ರವರಿಯಲ್ಲಿ, ಇದು ಅಸಲಿ ಎಂಬ ಸುದ್ದಿ ಪತ್ರಿಕೆಗಳಲ್ಲಿ ಬಂತು. ಬೆನ್ನಿಗೇ ತಕರಾರು ಎದ್ದಿತು. ಟ್ವೇನ್ ಕೊಟ್ಟದ್ದು ನಮಗೆ, ಅವನ ಪತ್ರಗಳೇ ಸಾಕ್ಷಿ ಎಂದಿತು ಬಫಲೋ ಗ್ರಂಥಾಲಯ. ಗ್ಲಕ್‌ನ ಮೊಮ್ಮಕ್ಕಳಾದ, ಟ್ರಂಕು ತೆರೆದವರೂ ಸೇರಿದ ಅಕ್ಕತಂಗಿಯರದ್ದು ಒಂದು ಹಕ್ಕು, ಅಚ್ಚಾಗದ ಭಾಗಗಳ ಪ್ರಕಟಣೆಯ ಮೇಲೆ ಮಾರ್ಕ್ ಟ್ವೇನ್ ಪ್ರತಿಷ್ಠಾನದ್ದು ಇನ್ನೊಂದು ಹಕ್ಕು. ಕೊನೆಗೆ 1992ರಲ್ಲಿ ರಾಜಿಯಾಗಿ ಮೊದಲರ್ಧ ಬಫಲೋಗೆ ಮರಳಿತು, ಎರಡೂ ಕಟ್ಟುಗಳು ಒಂದೇ ಸೂರಿನಡಿ ಸೇರಿದವು. 1996ರಲ್ಲಿ ರ‍್ಯಾಂಡಮ್ ಹೌಸ್ ಪ್ರಕಾಶನ, ಟ್ವೇನ್ ಕೈಬಿಟ್ಟಿದ್ದ ಭಾಗಗಳ ಸಮೇತ ಕಾದಂಬರಿಯನ್ನು ಹೊರತಂದಿತು. ಹಕ್ಕಿನ ಜಗಳದ ವಿವರ ವಕೀಲರಿಗಿರಲಿ. ನನಗೆ ಮುಖ್ಯ, ಆ ಹಾಳೆಗಳು ಬಾಯಿಬಿಟ್ಟು ಹೇಳಿದ ಸಂಗತಿ.

ಟ್ವೇನ್ ಈ ಕಾದಂಬರಿಯನ್ನು ಒಂದೇ ಬೀಸಿಗೆ ಬರೆಯಲಿಲ್ಲವೆಂಬುದು ಮೊದಲೇ ತಿಳಿದಿತ್ತು. 1876ರ ಬೇಸಿಗೆಯಲ್ಲಿ ಎಲ್‌ಮೈರಾ ಊರಿನ ಗುಡ್ಡದ ಮೇಲೆ, ಹೆಂಡತಿಯ ಅಕ್ಕ ಸೂಸನ್ ಕ್ರೇನ್ ಅವನಿಗೆಂದೇ ಕಟ್ಟಿಸಿಕೊಟ್ಟಿದ್ದ ಎಂಟು ಮೂಲೆಯ ಬರೆಯುವ ಕೋಣೆಯಲ್ಲಿ ಶುರುಮಾಡಿದ. ಒಂದಷ್ಟು ಬರೆದು, ಇದು ತಕ್ಕಮಟ್ಟಿಗೆ ಮಾತ್ರ ಹಿಡಿಸಿದೆ, ಗೂಡಿಗೆ ಸೇರಿಸುತ್ತೇನೋ ಸುಟ್ಟೇಬಿಡುತ್ತೇನೋ ಎಂಬರ್ಥದಲ್ಲಿ ಗೆಳೆಯ ಹೊವೆಲ್ಸ್‌ಗೆ ಪತ್ರ ಹಾಕಿದ. ಸುಡಲಿಲ್ಲ. 1879-80ರಲ್ಲಿ ಮತ್ತೆ ಕೈಗೆತ್ತಿಕೊಂಡ, ಮತ್ತೆ ಬಿಟ್ಟ. 1882ರಲ್ಲಿ ಹಳೆಯ ಮಿಸಿಸಿಪ್ಪಿಯ ಮೇಲೆ ಹಡಗಿನಲ್ಲಿ ಓಡಾಡಿ ಬಂದ. 1883ರ ಬೇಸಿಗೆಯಲ್ಲಿ ಕೂತು ಮುಗಿಸಿದ. ಮೊದಲ ಬೇಸಿಗೆಯಲ್ಲಿ ಅವನ ಪೆನ್ನು ನಿಂತದ್ದೆಲ್ಲಿ? ಏಕೆ ನಿಂತಿತು? ಈ ಪ್ರಶ್ನೆಯ ಸುತ್ತ ವಿದ್ವಾಂಸರು ದಶಕಗಟ್ಟಲೆ ತಲೆಕೆಡಿಸಿಕೊಂಡಿದ್ದರು.

ಶಿಕಾಗೊ ವಿಶ್ವವಿದ್ಯಾಲಯದ ವಾಲ್ಟರ್ ಬ್ಲೇರ್ 1958ರಲ್ಲಿ ಇದಕ್ಕೊಂದು ಉತ್ತರ ಕೊಟ್ಟರು. ಉತ್ತರಾರ್ಧದ ಕಾಗದ, ಶಾಯಿ, ಟ್ವೇನನ ಟಿಪ್ಪಣಿಗಳು ಎಲ್ಲವನ್ನೂ ಕೂಡಿಸಿ ಕಳೆದು ಅವರು ಹೇಳಿದ್ದು: 16ನೇ ಅಧ್ಯಾಯದಲ್ಲಿ, ಆವಿಹಡಗು ತೆಪ್ಪಕ್ಕೆ ಡಿಕ್ಕಿ ಹೊಡೆಯುವಲ್ಲಿ, ಬರವಣಿಗೆ ನಿಂತಿದೆ. ಈ ಉತ್ತರ ಎಲ್ಲರಿಗೂ ಒಪ್ಪಿಗೆಯಾಗುವಂಥದ್ದೇ ಆಗಿತ್ತು. ಹಕ್ ಮತ್ತು ಗುಲಾಮಗಿರಿಯಿಂದ ಓಡಿಬಂದ ಜಿಮ್ ಹೋಗಬೇಕಾದದ್ದು ಓಹಾಯೊ ನದಿ ಬಂದು ಸೇರುವ ಕೈರೊ ಊರಿಗೆ. ಅಲ್ಲಿಂದ ಓಹಾಯೊ ಹಿಡಿದು ಮೇಲಕ್ಕೆ ಹೋದರೆ ಜಿಮ್‌ಗೆ ಬಿಡುಗಡೆ. ಮಂಜಿನಲ್ಲಿ ಆ ಊರು ತಪ್ಪಿಹೋಗಿ ತೆಪ್ಪ ಗುಲಾಮಗಿರಿಯ ಒಡಲಿಗೇ ಇಳಿಯುತ್ತಿದೆ. ಮುಂದೆ ದಾರಿ ಕಾಣದ ಲೇಖಕ ಸಿಟ್ಟಿನಲ್ಲಿ ತೆಪ್ಪವನ್ನೇ ಒಡೆದು ಎದ್ದುಹೋದ ಎಂದು ಊಹಿಸಿಕೊಳ್ಳಲು ಎಷ್ಟು ಸೊಗಸು! ಈ ಊಹೆಯ ಮೇಲೆ ಕಾದಂಬರಿಯ ಅರ್ಥವನ್ನೇ ಕಟ್ಟಿದ ಲೇಖನಗಳು ಬಂದವು. 1988ರಲ್ಲಿ ಬ್ಲೇರ್ ಮತ್ತು ವಿಕ್ಟರ್ ಫಿಶರ್ ಸೇರಿ ಸಂಪಾದಿಸಿದ, ವರ್ಷಗಟ್ಟಲೆ ದುಡಿದು ಸಿದ್ಧಪಡಿಸಿದ ಶಾಸ್ತ್ರೀಯ ಆವೃತ್ತಿಯೂ ಕ್ಯಾಲಿಫೋರ್ನಿಯ ವಿಶ್ವವಿದ್ಯಾಲಯದ ಪ್ರಕಾಶನದಿಂದ ಹೊರಬಂತು.

ಎರಡೇ ವರ್ಷಕ್ಕೆ ಟ್ರಂಕು ತೆರೆಯಿತು. ಹಾಳೆಗಳು ಬೇರೆಯೇ ಹೇಳಿದವು. ಮೊದಲ ಬೇಸಿಗೆಯ ಬರವಣಿಗೆ ತೆಪ್ಪ ಒಡೆದ ಜಾಗದಲ್ಲಿ ನಿಂತೇ ಇಲ್ಲ. ಅದನ್ನು ದಾಟಿ, ಹಕ್ ದಡ ಸೇರಿ, ಗ್ರ್ಯಾಂಜರ್‌ಫರ್ಡ್ ಮನೆತನದವರ ಆಶ್ರಯ ಪಡೆದು, 18ನೇ ಅಧ್ಯಾಯದ ನಡುವಿನವರೆಗೂ ಓಡಿದೆ. 446ನೇ ಹಾಳೆಗೆ ಕಾಗದ, ಶಾಯಿಯ ಸಾಕ್ಷ್ಯ ಬದಲಾಗುತ್ತದೆ. ಕತೆಯಲ್ಲಿ ಆ ಹೊತ್ತಿಗೆ, ಆ ಮನೆಯ, ತನ್ನ ಓರಗೆಯ ಬಕ್‌ನನ್ನು ಹಕ್ ಒಂದು ಪ್ರಶ್ನೆ ಕೇಳುತ್ತಿರುತ್ತಾನೆ: ಈ ವಂಶವೈರ ಅಂದರೇನು? ಎರಡು ಮನೆತನಗಳು ಯಾಕೆಂದು ನೆನಪೇ ಇಲ್ಲದೆ ಒಬ್ಬರನ್ನೊಬ್ಬರು ಕೊಲ್ಲುವ ಆ ಭಯಾನಕ ಪ್ರಕರಣದ ಬಾಗಿಲಲ್ಲಿ ಟ್ವೇನ್ ನಿಂತ. ಉತ್ತರ ಬರೆಯಲು ಅವನಿಗೆ ಸುಮಾರು ಮೂರು ವರ್ಷ ಹಿಡಿಯಿತು. ಲೇಖಕ ಸೋತದ್ದು ಭೂಗೋಳಕ್ಕೆ ಎಂದು ನಾವು ತಿಳಿದಿದ್ದೆವು. ಅವನ ಕೈ ತಡೆದದ್ದು ಹುಡುಗನೊಬ್ಬನ ಪ್ರಶ್ನೆಯ ಮುಂದೆ. ಇದು ನನಗೆ ಇಡೀ ಆವಿಷ್ಕಾರದ ಅತ್ಯಂತ ಬೆಲೆಬಾಳುವ ಭಾಗ. ಬ್ಲೇರ್ ಅವರ ವಿದ್ವತ್ತಿನ ಬಗ್ಗೆ ಇದರಿಂದ ಗೌರವ ಕಡಿಮೆಯಾಗಬೇಕಿಲ್ಲ. ಕಣ್ಣಮುಂದೆ ಇದ್ದ ಅರ್ಧದಿಂದ ಇಲ್ಲದ ಅರ್ಧವನ್ನು ಅಷ್ಟರಮಟ್ಟಿಗೆ ಲೆಕ್ಕಹಾಕಿದ್ದೇ ದೊಡ್ಡ ಸಾಧನೆ. ಎರಡು ಕಟ್ಟುಗಳ ಗಡಿಯೂ ಅರ್ಥಪೂರ್ಣ. ಟ್ರಂಕಿನಲ್ಲಿ ಸಿಕ್ಕಿದ್ದು ಬಹುತೇಕ 1876 ಮತ್ತು 1880ರ ಸುಮಾರಿನ ಬರಹ, ಬಫಲೋದಲ್ಲಿ ಇದ್ದದ್ದು ಬಹುತೇಕ 1883ರದ್ದು.

ಇನ್ನು ಹಕ್‌ನ ಮಾತು. ಶಾಲೆಯ ವ್ಯಾಕರಣ ಹತ್ತದ, ಕೇಳಿದ್ದನ್ನು ಕೇಳಿದ ಹಾಗೆ ಹೇಳುವ ಆ ದನಿ ಅಮೆರಿಕದ ಕಥನದ ದಾರಿಯನ್ನೇ ಬದಲಿಸಿತು. ಓದುವಾಗ ಅದು ಸಲೀಸಾಗಿ ಹರಿದುಬಂದಂತೆ ಕಾಣುತ್ತದೆ. ಹಸ್ತಪ್ರತಿ ನೋಡಿದರೆ ಮೊದಲನೆಯ ವಾಕ್ಯದಲ್ಲೇ ಲೇಖಕ ಎರಡು ಸಲ ತಡವರಿಸಿ ತಿದ್ದಿದ್ದಾನೆ. ಮೊದಲಿಗೆ ಬಂದದ್ದು ಓದಿದವರ ನೆಟ್ಟನೆಯ ವಾಕ್ಯ. ಎರಡನೇ ರೂಪಕ್ಕೆ ಬಿಗುವು ಸ್ವಲ್ಪ ಸಡಿಲವಾಯಿತು. ಮೂರನೆಯದಕ್ಕೆ ಹುಡುಗ ಬಾಯಿ ತೆರೆದ. ಜಿಮ್‌ನ ಆಡುಮಾತನ್ನೂ ಹೀಗೇ ಪದಪದ ಹಿಡಿದು ತಿದ್ದಿದ್ದಾನೆ. ಪುಸ್ತಕ ಅಚ್ಚಾದದ್ದು ಈ ಹಾಳೆಗಳಿಂದ ನೇರವಾಗಿ ಅಲ್ಲ, ಬೆರಳಚ್ಚು ಪ್ರತಿಯಿಂದ. ಆ ಪ್ರತಿ ಉಳಿದಿಲ್ಲ. ಹಾಗಾಗಿ ಕೈಬರಹಕ್ಕೂ ಅಚ್ಚಿಗೂ ನಡುವೆ ಕಾಣುವ ಅಂತರಗಳಲ್ಲಿ ಹಲವು, ಅವನು ಆ ಬೆರಳಚ್ಚಿನ ಮೇಲೆ ಇನ್ನೊಮ್ಮೆ ಕೂತು ದುಡಿದದ್ದನ್ನು ತೋರಿಸುತ್ತವೆ. ಸಹಜತೆ ಎಂದು ನಾವು ಮೆಚ್ಚಿದ್ದು ಇಷ್ಟು ಶ್ರಮದ ಫಲ ಎಂದು ತಿಳಿದಾಗ ನನಗೆ ಟ್ವೇನ್ ಇನ್ನೂ ಹತ್ತಿರದವನಾದ.

ಅವನು ಪೂರ್ತಿ ಕಿತ್ತುಹಾಕಿದ ಭಾಗಗಳೂ ಅಲ್ಲಿದ್ದವು. ಅದರಲ್ಲಿ ಎಲ್ಲರ ಗಮನ ಸೆಳೆದದ್ದು 9ನೇ ಅಧ್ಯಾಯಕ್ಕೆ ಸೇರಿದ ಒಂದು ಕತೆ. 1995ರಲ್ಲಿ ‘ನ್ಯೂಯಾರ್ಕರ್’ ಪತ್ರಿಕೆ ಅದನ್ನು ಮೊದಲ ಬಾರಿಗೆ ಪ್ರಕಟಿಸಿತು. ದ್ವೀಪದ ಗುಹೆಯಲ್ಲಿ ಹಕ್ ಮತ್ತು ಜಿಮ್ ಕೂತಿದ್ದಾರೆ, ಹೊರಗೆ ಗುಡುಗು ಮಳೆ. ದೆವ್ವದ ಮಾತು ಬರುತ್ತದೆ. ಜಿಮ್ ತನ್ನ ಹರೆಯದ ಒಂದು ರಾತ್ರಿಯನ್ನು ನೆನೆಯುತ್ತಾನೆ. ಅವನ ಚಿಕ್ಕ ಯಜಮಾನ ವೈದ್ಯಕೀಯ ವಿದ್ಯಾರ್ಥಿ. ಹೆಣ ಕೊಯ್ಯುವ ಕೋಣೆಗೆ ಹೋಗಿ, ಸೆಟೆದ ಹೆಣವೊಂದನ್ನು ಬಿಸಿಮಾಡಿ ಮೆತ್ತಗಾಗಿಸಿಡು ಎಂದು ಈ ಹುಡುಗನೊಬ್ಬನನ್ನೇ ಕಳಿಸುತ್ತಾನೆ. ಹೆಣ ಜರುಗಿ ಜಿಮ್ ಮೇಲೆ ಬೀಳುತ್ತದೆ, ದೀಪ ಆರುತ್ತದೆ, ಜಿಮ್ ಓಟ ಕೀಳುತ್ತಾನೆ. ಮೇಲ್ನೋಟಕ್ಕೆ ನಗಿಸುವ ಕತೆ. ಒಳಗೆ ಇರುವುದು, ಯಜಮಾನನ ಓದಿನ ಅನುಕೂಲಕ್ಕೆ ಗುಲಾಮ ಹುಡುಗನೊಬ್ಬ ಎಂಥ ಕೆಲಸಕ್ಕೂ ಇಲ್ಲವೆನ್ನಲಾಗದ ಸ್ಥಿತಿ.

ಇದನ್ನು ಕೈಬಿಟ್ಟದ್ದು ನಷ್ಟವೆಂದು ಕೆಲವರು ವಾದಿಸಿದರು. ನನ್ನ ಅಭಿಪ್ರಾಯ ಬೇರೆ. ಅದೇ ಅಧ್ಯಾಯದಲ್ಲಿ, ಈ ಕತೆಯ ನಂತರ, ನೆರೆಯಲ್ಲಿ ತೇಲಿಬರುವ ಮನೆಯೊಂದಕ್ಕೆ ಇಬ್ಬರೂ ಹತ್ತುತ್ತಾರೆ. ಒಳಗೆ ಒಬ್ಬನ ಹೆಣ. ಜಿಮ್ ಮುಂದೆ ಹೋಗಿ ನೋಡುತ್ತಾನೆ, ಮೊಗವನ್ನು ನೋಡಬೇಡ ಎಂದು ಹಕ್‌ನನ್ನು ತಡೆದು ಹಳೆ ಬಟ್ಟೆ ಮುಚ್ಚುತ್ತಾನೆ. ಸತ್ತವನು ಹಕ್‌ನ ತಂದೆ. ಅದು ಹುಡುಗನಿಗೆ ತಿಳಿಯುವುದು ಪುಸ್ತಕದ ಕಟ್ಟಕಡೆಗೆ. ಜಿಮ್ ಪಾತ್ರದ ಘನತೆ ಇರುವುದು ಅವನು ಹೇಳದೆ ಉಳಿಸಿಕೊಂಡ ಆ ಸತ್ಯದಲ್ಲಿ. ಅದಕ್ಕೆ ಸ್ವಲ್ಪವೇ ಮುಂಚೆ ಹೆಣ ಕಂಡು ಕಿರುಚಿ ಓಡಿದವನಾಗಿ ಅವನು ನಮ್ಮನ್ನು ನಗಿಸಿದ್ದರೆ ಆ ಗಳಿಗೆಯ ಭಾರ ಇಳಿದುಹೋಗುತ್ತಿತ್ತು. ಆದರೆ ಟ್ರಂಕಿನ ಹಾಳೆಗಳನ್ನು ಓದಿದ ಮೇಲೆ, ಹೆಣದ ಬಗ್ಗೆ ಅಷ್ಟು ಭಯ ಉಂಡವನೇ ಈಗ ಹುಡುಗನಿಗಾಗಿ ಮುಂದೆ ಹೆಜ್ಜೆಯಿಟ್ಟ ಎಂಬುದೂ ಕಾಣುತ್ತದೆ. ಎರಡೂ ಬೇಕು, ಆದರೆ ಒಂದೇ ಜಾಗದಲ್ಲಿ ಅಲ್ಲ. 2003ರಲ್ಲಿ ಫಿಶರ್ ಮತ್ತು ಲಿನ್ ಸಲಾಮೊ ಪೂರ್ತಿ ಹಸ್ತಪ್ರತಿಯನ್ನು ಆಧರಿಸಿ ಬರ್ಕ್ಲಿಯಿಂದ ಹೊಸ ಆವೃತ್ತಿ ತಂದಾಗ ಈ ಕತೆಯನ್ನು ಕಾದಂಬರಿಯ ಒಡಲಿಗೆ ಸೇರಿಸದೆ ಪ್ರತ್ಯೇಕವಾಗಿ ಇಟ್ಟರು. ಟ್ವೇನನ ತೀರ್ಮಾನವನ್ನು ಅವರು ಗೌರವಿಸಿದ್ದು ಸರಿ ಎಂದೇ ನಾನು ನಂಬಿದ್ದೇನೆ.