ಹಳೆಯ ಫೋನಿನ ತಾಯಿಬಾವಿ

2011ರ ಸುಮಾರಿಗೆ ಅಗ್ಗದ ಆಂಡ್ರಾಯ್ಡ್ ಫೋನು ಕೊಂಡವರಿಗೆ ನೆನಪಿರಬಹುದು. ಕನ್ನಡದ ಮೆಸೇಜು ತೆರೆದರೆ ಸಾಲುಸಾಲು ಖಾಲಿ ಡಬ್ಬಿಗಳು! ಫೋನಿನೊಳಗೆ ಕನ್ನಡದ ಫಾಂಟೇ ಇರಲಿಲ್ಲ. ತಂದು ಹಾಕೋಣವೆಂದರೆ ಅದು ಕೂರಬೇಕಾದ ಸಿಸ್ಟಮ್ ಫೋಲ್ಡರಿಗೆ ದುಡ್ಡು ಕೊಟ್ಟ ಮಾಲೀಕನಿಗೂ ಪ್ರವೇಶವಿಲ್ಲ. ಅದಕ್ಕಾಗಿ ಕೆಲವರು ಫೋನನ್ನು ರೂಟ್ ಮಾಡಿದರು, ಅಂದರೆ ಅದರ ಪೂರ್ತಿ ಅಧಿಕಾರವನ್ನು ಕೈಗೆ ತೆಗೆದುಕೊಂಡರು. ಫಾಂಟು ಕೂತರೂ 'ಅಮ್ಮ' ಎಂಬುದು 'ಅಮ್‌ಮ' ಎಂದೇ ಕಾಣುತ್ತಿತ್ತು. ಒತ್ತಕ್ಷರ ಜೋಡಿಸಲು ಫಾಂಟೊಂದೇ ಸಾಲದು, ಬೇರೆ ತಂತ್ರಾಂಶವೂ ಬೇಕು. 2012ರಲ್ಲಿ ಬಂದ ಆಂಡ್ರಾಯ್ಡ್ 4.1 ಕನ್ನಡವನ್ನು ತಾನೇ ಹೊತ್ತು ತಂದಿತು. ತಾಯ್ನುಡಿ ಓದಲು ಬೀಗ ಒಡೆಯಬೇಕಾಗಿದ್ದ ಆ ಕಾಲ ನನಗೆ ಈಗಲೂ ನೋವಿನ ನೆನಪು.

ರೂಟ್ ಎಂದರೇನೆಂದು ತಿಳಿಯಲು ಬೀದರಿನ ನೌಬಾದಕ್ಕೆ ಬನ್ನಿ. ಇಲ್ಲಿ ಬಹಮನಿ ಕಾಲದ ಕರೇಜ್, ಅಂದರೆ ಸುರಂಗ ಬಾವಿ ಇದೆ. ಮೇಲ್ಗಡೆಯ ತಾಯಿಬಾವಿಯ ನೀರು ನೆಲದಡಿಯ ಸುರಂಗದಲ್ಲಿ ಇಳಿಜಾರು ಹಿಡಿದು ಹರಿಯುತ್ತದೆ. ದಾರಿಯುದ್ದಕ್ಕೂ ಬಾವಿಯಂಥ ಕಿಂಡಿಗಳು. ಒಂದು ಕಿಂಡಿಯಲ್ಲಿ ಕೊಡ ಇಳಿಸಿದವನ ಕೈ ಅಷ್ಟಕ್ಕೇ ನಿಲ್ಲುತ್ತದೆ. ತಾಯಿಬಾವಿಗೆ ಕೊಳೆ ಬಿದ್ದರೆ ಕೆಳಗಿನವರೆಲ್ಲ ಅದನ್ನೇ ಕುಡಿಯಬೇಕು.

ಫೋನಿನಲ್ಲಿ ಆ್ಯಪ್‌ಗಳು ಆ ಕಿಂಡಿಗಳಂತೆ, ರೂಟ್ ತಾಯಿಬಾವಿಯಂತೆ. ಆಂಡ್ರಾಯ್ಡ್ ಪ್ರತಿ ಆ್ಯಪ್‌ಗೂ 10000ದಿಂದ ಶುರುವಾಗುವ ಒಂದು ಗುರುತಿನ ಸಂಖ್ಯೆ ಕೊಟ್ಟು, ಒಂದರ ಗುಟ್ಟು ಇನ್ನೊಂದಕ್ಕೆ ಸಿಗದಂತೆ ಕಾಯುತ್ತದೆ. ರೂಟ್‌ನ ಸಂಖ್ಯೆ 0. ಅದಕ್ಕೆ ಈ ಗೋಡೆಗಳು ಅಡ್ಡ ಬರುವುದಿಲ್ಲ. ಆ ಅಧಿಕಾರ ಕೆಟ್ಟ ಆ್ಯಪ್ ಕೈಗೆ ಹೋದರೆ ಫೋಟೊ, ಓಟಿಪಿ, ಪಾಸ್‌ವರ್ಡ್ ಎಲ್ಲವೂ ಅದರದೇ.

ಹಳೆಯ ಫೋನಿನಲ್ಲಿ ಅಪಾಯ ಇಮ್ಮಡಿ. ಕಂಪನಿ ಅಪ್‌ಡೇಟ್ ನಿಲ್ಲಿಸಿದ ಮೇಲೆ ಬಿರುಕುಗಳು ಹಾಗೇ ಉಳಿಯುತ್ತವೆ. 'ಡರ್ಟಿ ಕೌ' ಎಂಬ ದೋಷ 2007ರಿಂದ ಆಂಡ್ರಾಯ್ಡ್‌ಗೆ ಬುನಾದಿಯಾದ ಲಿನಕ್ಸ್‌ನ ಒಡಲಲ್ಲಿದ್ದು, ಬಯಲಾದದ್ದು 2016ರಲ್ಲಿ. ಅದನ್ನೇ ಹಿಡಿದು ಫೋನು ರೂಟ್ ಮಾಡಿದವರಿದ್ದಾರೆ, ಅದನ್ನೇ ಹಿಡಿದು ಕಳ್ಳ ಆ್ಯಪ್‌ಗಳೂ ಒಳಹೊಕ್ಕವು. ಇನ್ನು ಫೋನು ಏಳುವಾಗ ಮೊದಲು ಓಡುವ ತಂತ್ರಾಂಶವಾದ ಬೂಟ್‌ಲೋಡರಿನ ಬೀಗ ತೆಗೆದರೆ ಸಾಮಾನ್ಯವಾಗಿ ಒಳಗಿನದೆಲ್ಲ ಅಳಿಸಿಹೋಗುತ್ತದೆ. ತಪ್ಪು ಫೈಲು ಹಾಕಿದರೆ ಫೋನು ಏಳದೆಯೇ ಹೋಗಬಹುದು. ಸ್ಯಾಮ್‌ಸಂಗ್‌ನ ಹಲವು ಫೋನುಗಳಲ್ಲಿ ಒಳಗಿನ ಫ್ಯೂಸೊಂದು ಸುಟ್ಟು, ಬೀಗ ಮುರಿದ ಗುರುತು ಶಾಶ್ವತವಾಗಿ ಉಳಿಯುತ್ತದೆ. ಇಂಥ ಫೋನಿನಲ್ಲಿ ಬ್ಯಾಂಕಿನ ಆ್ಯಪ್‌ಗಳು, ಯುಪಿಐ ಎಷ್ಟೋ ಸಲ ಕೆಲಸ ಮಾಡಲು ಒಪ್ಪುವುದಿಲ್ಲ.

ಹೊಸ ಆಂಡ್ರಾಯ್ಡ್ ಬೇಕೆನ್ನುವವರು ರೂಟ್ ಮಾಡಲೇಬೇಕೆಂದೇನಿಲ್ಲ. ನಿಮ್ಮ ಮಾಡೆಲ್‌ಗೆ ಲಿನೇಜ್ ಓಎಸ್ ಎಂಬ ಆಂಡ್ರಾಯ್ಡ್‌ನ ಸ್ವತಂತ್ರ ರೂಪ ಇದ್ದರೆ ಬೂಟ್‌ಲೋಡರಿನ ಬೀಗ ತೆಗೆದು ಅದನ್ನು ಹಾಕಬಹುದು. ಕಲಿಯುವ ಹಂಬಲದ ಮಕ್ಕಳಿಗೆ ಮೂಲೆ ಸೇರಿದ ಫೋನು ಒಳ್ಳೆಯ ಪ್ರಯೋಗಶಾಲೆ. ಮೊದಲು ಫೋಟೊ ಬೇರೆಡೆ ಇಳಿಸಿ, ಸಿಮ್ ತೆಗೆದಿಡಿ, ಬ್ಯಾಟರಿಯ ಹಿಂದೆ ಬರೆದ ಮಾಡೆಲ್ ಸಂಖ್ಯೆಗೂ ಫೈಲಿನ ಹೆಸರಿಗೂ ಅಕ್ಷರಅಕ್ಷರ ತಾಳೆ ನೋಡಿ. ಮನೆಯ ದುಡ್ಡು ಓಡಾಡುವ ಫೋನಿಗೆ ಮಾತ್ರ ಕೈ ಹಚ್ಚಬೇಡಿ.