ಉಪಗ್ರಹಕ್ಕೆ ಎಲ್ಲವೂ ‘ಲೈವ್’ ಆಗಿ ಕಾಣುತ್ತದೆಯೇ? ಚಂಡಮಾರುತದ ನಂತರ ಪರಿಹಾರದ ನಕ್ಷೆ ತಯಾರಾಗುವುದು ಹೀಗೆ

ಚಂಡಮಾರುತ ಅಪ್ಪಳಿಸಿದ ಮರುದಿನ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಎರಡು ಬಗೆಯ ಸಂದೇಶಗಳು ಓಡಾಡುತ್ತವೆ. ಒಂದು, ‘ಉಪಗ್ರಹ ತೆಗೆದ ಲೈವ್ ಚಿತ್ರ’ ಎಂಬ ಫೋಟೊ. ಇನ್ನೊಂದು, ‘ನೆಲದ ಮೇಲಿನ ಇರುವೆಯನ್ನೂ ನೋಡುವ ಉಪಗ್ರಹಗಳಿವೆ, ಆದರೂ ಹಳ್ಳಿಗಳಿಗೆ ಪರಿಹಾರ ಯಾಕೆ ತಲುಪಿಲ್ಲ?’ ಎಂಬ ಸಿಟ್ಟಿನ ಪ್ರಶ್ನೆ. ಸಿಟ್ಟು ಸಹಜ. ಆದರೆ ಎರಡರ ಹಿಂದೆಯೂ ಇರುವುದು ಒಂದೇ ತಪ್ಪು ತಿಳಿವಳಿಕೆ. ಉಪಗ್ರಹ ಚಿತ್ರ ಸಿಕ್ಕಿದರೆ ನಕ್ಷೆ ಸಿಕ್ಕಂತೆ ಎಂದು ನಾವು ಭಾವಿಸುತ್ತೇವೆ. ಅದು ಹಾಗಲ್ಲ. ಚಿತ್ರವನ್ನು ನೋಡಿ ಅದನ್ನು ನಕ್ಷೆಯಾಗಿಸಲು ಮನುಷ್ಯರು ಕೂರಬೇಕು. ಆ ಕೆಲಸ ನಡೆಯದ ಊರಿಗೆ ನೆರವು ತಡವಾಗುವ ಅಪಾಯ ಹೆಚ್ಚು.

‘ಲೈವ್’ ಚಿತ್ರದಲ್ಲಿ ಮನೆ ಕಾಣುತ್ತದೆಯೇ?

ಇಲ್ಲ. ಟಿವಿಯಲ್ಲಿ ತಿರುಗುವ ಸುಳಿಯಂತೆ ಕಾಣುವ ಚಂಡಮಾರುತದ ಚಿತ್ರ ಹವಾಮಾನ ಉಪಗ್ರಹದ್ದು. ನಮ್ಮ ಇನ್ಸಾಟ್-3ಡಿ ಸರಣಿಯ ಉಪಗ್ರಹಗಳು ಇಂಥವು. ಇವು ಸುಮಾರು 36,000 ಕಿಲೋಮೀಟರ್ ಎತ್ತರದಲ್ಲಿ, ಭೂಮಿ ತಿರುಗುವ ವೇಗಕ್ಕೆ ಸರಿಯಾಗಿ ಸುತ್ತುತ್ತವೆ. ಹಾಗಾಗಿ ಒಂದೇ ಪ್ರದೇಶವನ್ನು ಸದಾ ನೋಡುತ್ತಿರುತ್ತವೆ. ಆದರೆ ಇನ್ಸಾಟ್-3ಡಿ ಸರಣಿಯ ಉಪಗ್ರಹಗಳು ಹಗಲಿನಲ್ಲಿ ತೆಗೆಯುವ ಚಿತ್ರದ ಒಂದು ಚುಕ್ಕಿ, ಅಂದರೆ ಪಿಕ್ಸೆಲ್, ನೆಲದ ಮೇಲೆ ಸುಮಾರು ಒಂದು ಕಿಲೋಮೀಟರ್‌ನಷ್ಟು ಅಗಲ. ಇಡೀ ಹಳ್ಳಿ ಒಂದೇ ಚುಕ್ಕಿಯೊಳಗೆ ಮುಗಿದುಹೋಗುತ್ತದೆ.

ಮನೆಯ ಛಾವಣಿ ಕಾಣಬೇಕಾದರೆ ಕೆಲವು ನೂರು ಕಿಲೋಮೀಟರ್ ಎತ್ತರದಲ್ಲಿ ಸುತ್ತುವ ಬೇರೆ ಉಪಗ್ರಹಗಳು ಬೇಕು. ಅವು ತೆಗೆಯುವ ಅತಿ ಸ್ಪಷ್ಟ ಚಿತ್ರಗಳಲ್ಲಿ ಒಂದು ಪಿಕ್ಸೆಲ್ ಸುಮಾರು 30 ಸೆಂಟಿಮೀಟರ್. ಲಾರಿ, ಬಿದ್ದ ಮರ ಗೊತ್ತಾಗುತ್ತವೆ. ಇರುವೆ ಇರಲಿ, ಮನುಷ್ಯನ ಮುಖವೂ ಕಾಣುವುದಿಲ್ಲ. ಇವು ಒಂದೇ ಕಡೆ ನಿಲ್ಲುವುದೂ ಇಲ್ಲ. ಒಂದು ಊರಿನ ಮೇಲೆ ಹಾದುಹೋದರೆ, ಮತ್ತೆ ಬರುವವರೆಗೆ ಕಾಯಬೇಕು. ಬಂದ ಹೊತ್ತಿಗೆ ಮೋಡ ಕವಿದಿದ್ದರೆ ಸಿಗುವುದು ಬಿಳಿ ಹಾಳೆಯಂಥ ಚಿತ್ರ. ಚಂಡಮಾರುತದ ಬೆನ್ನಿಗೆ ಮೋಡ ಇರುವುದೇ ಹೆಚ್ಚು.

ರಾಡಾರ್ ಉಪಗ್ರಹಗಳಿಗೆ ಮೋಡ, ಕತ್ತಲೆ ಎರಡೂ ಅಡ್ಡಿಯಲ್ಲ. ಅವು ರೇಡಿಯೊ ಅಲೆಗಳನ್ನು ಕಳಿಸಿ, ಮರಳಿ ಬಂದದ್ದನ್ನು ಅಳೆಯುತ್ತವೆ. ನಿಂತ ನೀರು ಕನ್ನಡಿಯಂತೆ ಅಲೆಯನ್ನು ಬೇರೆ ಕಡೆಗೆ ಎಸೆಯುವುದರಿಂದ ಚಿತ್ರದಲ್ಲಿ ಕಪ್ಪಾಗಿ ಕಾಣುತ್ತದೆ. ಎಲ್ಲಿ ನೀರು ನುಗ್ಗಿದೆ ಎಂದು ಇದರಿಂದ ತಿಳಿಯುತ್ತದೆ. ಆದರೆ ಆ ನೀರಿನಡಿ ಎಷ್ಟು ಮನೆಗಳಿದ್ದವು ಎಂಬುದು ಮೊದಲೇ ನಕ್ಷೆಯಲ್ಲಿ ಇರಬೇಕು.

ಫಿಲಿಪ್ಪೀನ್ಸ್‌ನಲ್ಲಿ ನಡೆದದ್ದು

2013ರ ನವೆಂಬರ್ 8ರಂದು ಹೈಯಾನ್ ಎಂಬ ಚಂಡಮಾರುತ ಫಿಲಿಪ್ಪೀನ್ಸ್‌ಗೆ ಅಪ್ಪಳಿಸಿತು. ಆ ದೇಶದಲ್ಲಿ ಅದನ್ನು ಯೋಲಾಂಡಾ ಎಂದು ಕರೆಯುತ್ತಾರೆ. ಗಾಳಿಯ ವೇಗ ಗಂಟೆಗೆ 300 ಕಿಲೋಮೀಟರ್ ದಾಟಿತ್ತು ಎಂದು ಅಂದಾಜು. ಲೇತೆ ದ್ವೀಪದ ತಕ್ಲೋಬಾನ್ ನಗರಕ್ಕೆ ಸಮುದ್ರವೇ ನುಗ್ಗಿತು. ಸತ್ತವರು 6,000ಕ್ಕೂ ಹೆಚ್ಚು. ವಿದ್ಯುತ್, ಫೋನ್ ಎರಡೂ ಹೋದವು. ಯಾವ ಬೀದಿಯಲ್ಲಿ ಎಷ್ಟು ಜನರಿದ್ದಾರೆ ಎಂದು ಅಲ್ಲಿಂದ ಕರೆ ಮಾಡಿ ಹೇಳುವ ದಾರಿಯೇ ಇರಲಿಲ್ಲ.

ಆಗ ನೆರವಾದದ್ದು ಓಪನ್‌ಸ್ಟ್ರೀಟ್‌ಮ್ಯಾಪ್. ಇದು 2004ರಲ್ಲಿ ಶುರುವಾದ, ಯಾರು ಬೇಕಾದರೂ ಸೇರಿಸಿ ತಿದ್ದಬಹುದಾದ, ಉಚಿತವಾಗಿ ಬಳಸಬಹುದಾದ ಜಗತ್ತಿನ ನಕ್ಷೆ. 2010ರ ಹೈಟಿ ಭೂಕಂಪದ ಸಮಯದಲ್ಲಿ ಇದರ ಸ್ವಯಂಸೇವಕರು ಪರಿಹಾರ ಕೆಲಸಕ್ಕೆ ನಕ್ಷೆ ಮಾಡಿಕೊಟ್ಟಿದ್ದರು. ಆ ಅನುಭವದಿಂದಲೇ ‘ಹ್ಯುಮ್ಯಾನಿಟೇರಿಯನ್ ಓಪನ್‌ಸ್ಟ್ರೀಟ್‌ಮ್ಯಾಪ್ ಟೀಮ್’ ಎಂಬ ಸಂಸ್ಥೆ ಹುಟ್ಟಿತು. ಹೈಯಾನ್ ಬಂದಾಗ ಅನೇಕ ದೇಶಗಳಿಂದ ಸಾವಿರಕ್ಕೂ ಹೆಚ್ಚು ಜನ ತಮ್ಮ ಮನೆಗಳಲ್ಲೇ ಕಂಪ್ಯೂಟರ್ ಮುಂದೆ ಕೂತು ಕೆಲಸಕ್ಕೆ ಇಳಿದರು.

ಕೆಲಸದ ಕ್ರಮ ಸರಳ. ಪೀಡಿತ ಪ್ರದೇಶವನ್ನು ಚಿಕ್ಕ ಚಿಕ್ಕ ಚೌಕಗಳಾಗಿ ಒಡೆಯುತ್ತಾರೆ. ಒಬ್ಬರು ಒಂದು ಚೌಕ ತೆಗೆದುಕೊಂಡು, ಉಪಗ್ರಹ ಚಿತ್ರದ ಮೇಲೆ ಪ್ರತಿ ಮನೆಯ ಸುತ್ತ ಗೆರೆ ಎಳೆಯುತ್ತಾರೆ. ರಸ್ತೆ, ಹೊಳೆ, ಸೇತುವೆ ಗುರುತಿಸುತ್ತಾರೆ. ಇನ್ನೊಬ್ಬರು ಅದನ್ನು ಪರಿಶೀಲಿಸುತ್ತಾರೆ. ಇದಕ್ಕೆ ಚಂಡಮಾರುತದ ನಂತರದ ಚಿತ್ರವೇ ಬೇಕೆಂದಿಲ್ಲ. ಮುಂಚಿನ ಸ್ವಚ್ಛ ಚಿತ್ರ ಸಾಕು, ಏಕೆಂದರೆ ಮೊದಲು ಉತ್ತರಿಸಬೇಕಾದ ಪ್ರಶ್ನೆ ‘ಏನು ಹಾಳಾಗಿದೆ?’ ಎಂಬುದಲ್ಲ, ‘ಜನ ಎಲ್ಲಿ ವಾಸವಿದ್ದರು?’ ಎಂಬುದು.

ಗೆರೆ ಎಳೆದರೆ ಹೊಟ್ಟೆ ತುಂಬುತ್ತದೆಯೇ?

ಲೆಕ್ಕ ಹಾಕಿ ನೋಡಿ. ಒಂದು ಊರಿನಲ್ಲಿ 400 ಮನೆಗಳಿವೆ ಎಂದು ನಕ್ಷೆ ಹೇಳಿದರೆ, ಮನೆಗೆ ಐದು ಜನರಂತೆ ಸುಮಾರು 2,000 ಜನ. ಎಷ್ಟು ಟಾರ್ಪಾಲ್, ಎಷ್ಟು ಅಕ್ಕಿ, ಎಷ್ಟು ಕುಡಿಯುವ ನೀರು ಎಂದು ಲಾರಿ ಹೊರಡುವ ಮೊದಲೇ ಅಂದಾಜು ಸಿಗುತ್ತದೆ. ಯಾವ ರಸ್ತೆಯಲ್ಲಿ ಹೋಗಬೇಕು, ಸೇತುವೆ ಕುಸಿದಿದ್ದರೆ ಬೇರೆ ದಾರಿ ಯಾವುದು ಎಂಬುದೂ ತಿಳಿಯುತ್ತದೆ. ಹೈಯಾನ್ ಸಮಯದಲ್ಲಿ ರೆಡ್‌ಕ್ರಾಸ್ ಈ ನಕ್ಷೆಗಳನ್ನು ಬಳಸಿತು. ಇಂಟರ್ನೆಟ್ ಇಲ್ಲದ ಜಾಗದಲ್ಲಿ ಕಾಗದದ ಮೇಲೆ ಮುದ್ರಿಸಿದ ನಕ್ಷೆಯೇ ದಿಕ್ಕು ತೋರಿಸುತ್ತದೆ.

ಹಾಗೆಂದು ಈ ವಿಧಾನಕ್ಕೆ ಮಿತಿ ಇಲ್ಲ ಎನ್ನುವಂತಿಲ್ಲ. ಯಾವ ಮನೆ ಪೂರ್ತಿ ಕುಸಿದಿದೆ, ಯಾವುದು ಅರ್ಧ ಹಾಳಾಗಿದೆ ಎಂದು ಸ್ವಯಂಸೇವಕರು ಮೇಲಿನಿಂದ ನೋಡಿ ಗುರುತಿಸಿದ್ದನ್ನು ಫಿಲಿಪ್ಪೀನ್ಸ್‌ನಲ್ಲಿ ಸ್ಥಳಕ್ಕೆ ಹೋಗಿ ತಾಳೆ ನೋಡಲಾಯಿತು. ಆ ಗುರುತುಗಳಲ್ಲಿ ಸಾಕಷ್ಟು ತಪ್ಪಿದ್ದವು. ಕಾರಣ ಊಹಿಸಬಹುದು. ಛಾವಣಿ ಇದ್ದಲ್ಲೇ ಇದ್ದು ಗೋಡೆ ಕೊಚ್ಚಿಹೋಗಿದ್ದರೆ ಮೇಲಿನಿಂದ ಮನೆ ಚೆನ್ನಾಗಿಯೇ ಕಾಣುತ್ತದೆ. ಮನೆ ಎಲ್ಲಿದೆ ಎಂದು ದೂರದಿಂದ ಹೇಳಬಹುದು. ಮನೆಯವರು ಹೇಗಿದ್ದಾರೆ ಎಂದು ಹತ್ತಿರ ಹೋದವರೇ ಹೇಳಬೇಕು. ಊರಿನ ಹೆಸರು, ಶಾಲೆ ಯಾವುದು, ಆಸ್ಪತ್ರೆ ಯಾವುದು ಎಂಬುದನ್ನೂ ಛಾವಣಿ ನೋಡಿ ಹೇಳಲಾಗದು. ಅದು ಸ್ಥಳೀಯರಿಗೆ ಮಾತ್ರ ಗೊತ್ತು.

ಭಾರತದಲ್ಲಿ?

ದೊಡ್ಡ ವಿಪತ್ತಿನಲ್ಲಿ ದೇಶಗಳ ಬಾಹ್ಯಾಕಾಶ ಸಂಸ್ಥೆಗಳು ಉಪಗ್ರಹ ಚಿತ್ರಗಳನ್ನು ಉಚಿತವಾಗಿ ಹಂಚಿಕೊಳ್ಳುವ ಅಂತರರಾಷ್ಟ್ರೀಯ ಒಪ್ಪಂದವೊಂದಿದೆ. ಬೆಂಗಳೂರಿನಲ್ಲಿ ಕೇಂದ್ರ ಕಚೇರಿ ಇರುವ ಇಸ್ರೊ ಕೂಡ ಅದರ ಸದಸ್ಯ. ಚಂಡಮಾರುತ, ಪ್ರವಾಹ ಬಂದಾಗ ಹೈದರಾಬಾದಿನಲ್ಲಿರುವ ಇಸ್ರೊದ ರಾಷ್ಟ್ರೀಯ ದೂರಸಂವೇದಿ ಕೇಂದ್ರ ಮುಳುಗಡೆ ಪ್ರದೇಶಗಳ ನಕ್ಷೆ ಸಿದ್ಧಪಡಿಸುತ್ತದೆ. ‘ಭುವನ್’ ಜಾಲತಾಣದಲ್ಲಿ ಉಪಗ್ರಹ ಚಿತ್ರಗಳನ್ನು ಯಾರು ಬೇಕಾದರೂ ನೋಡಬಹುದು. 2021ರ ಮೇ ತಿಂಗಳಲ್ಲಿ ತೌಕ್ತೆ ಚಂಡಮಾರುತ ಗುಜರಾತಿನತ್ತ ಸಾಗುವಾಗ ನಮ್ಮ ಕರಾವಳಿಯಲ್ಲೂ ಕಡಲ್ಕೊರೆತ ಆಗಿತ್ತು. ಇದು ಬೇರೆಯವರ ವಿಷಯ ಎಂದು ಸುಮ್ಮನಿರುವಂತಿಲ್ಲ.

ನೀವೇನು ಮಾಡಬಹುದು?

- ‘ಲೈವ್ ಉಪಗ್ರಹ ಚಿತ್ರ’ ಬಂದರೆ ಮೂರು ವಿಷಯ ನೋಡಿ: ಯಾವ ದಿನದ್ದು, ಯಾವ ಜಾಗದ್ದು, ಯಾರು ತೆಗೆದದ್ದು. ಮೂರೂ ಇಲ್ಲದಿದ್ದರೆ ಮುಂದೆ ಕಳಿಸಬೇಡಿ. ಹಳೆಯ ಚಿತ್ರ ಹೊಸ ಊರಿನ ಹೆಸರಿನಲ್ಲಿ ಹರಡಿದರೆ ರಕ್ಷಣಾ ತಂಡದ ಸಮಯ ವ್ಯರ್ಥವಾಗುತ್ತದೆ.
- ‘ನಮ್ಮ ಊರಿಗೆ ಸಹಾಯ ಬೇಕು’ ಎಂಬ ಸಂದೇಶ ಕಳಿಸುವಾಗ ಊರು, ತಾಲ್ಲೂಕು, ಹತ್ತಿರದ ಗುರುತು, ದಿನಾಂಕ, ಸಮಯ ಬರೆಯಿರಿ. ಸಾಧ್ಯವಾದರೆ ಲೊಕೇಶನ್ ಸೇರಿಸಿ. ಸಹಾಯ ಸಿಕ್ಕ ಮೇಲೆ ಅದನ್ನೂ ಗುಂಪಿಗೆ ತಿಳಿಸಿ. ಇಲ್ಲದಿದ್ದರೆ ಆ ಸಂದೇಶ ಮುಂದಿನ ವರ್ಷವೂ ಸುತ್ತುತ್ತಿರುತ್ತದೆ.
- ಓಪನ್‌ಸ್ಟ್ರೀಟ್‌ಮ್ಯಾಪ್ ತೆರೆದು ನಿಮ್ಮ ಊರನ್ನು ಹುಡುಕಿ. ಒಳರಸ್ತೆ, ಶಾಲೆ, ಆರೋಗ್ಯ ಕೇಂದ್ರ ಇವೆಯೇ? ಇಲ್ಲದಿದ್ದರೆ ಉಚಿತ ಖಾತೆ ತೆರೆದು ನೀವೇ ಸೇರಿಸಬಹುದು. ಹೆಸರುಗಳನ್ನು ಕನ್ನಡದಲ್ಲೂ ಬರೆಯಬಹುದು.

ಈ ಕೊನೆಯ ಕೆಲಸಕ್ಕೆ ಚಂಡಮಾರುತ ಬರುವವರೆಗೆ ಕಾಯಬೇಕಿಲ್ಲ. ಬಿಡುವಿನ ಒಂದು ಭಾನುವಾರ ಸಾಕು.