ದೊಡ್ಡವರ ನಗೆಗೆ ಕತ್ತರಿ ಹಿಡಿದವರು

ಬೈಲಹೊಂಗಲದ ಕತೆಯೆಂದೇ ಹೆಸರಾದ ‘ಸಂಗ್ಯಾ ಬಾಳ್ಯಾ’ ಸಣ್ಣಾಟದಲ್ಲಿ ಪಾರಮ್ಮನೆಂಬ ಮುದುಕಿ ಬರುತ್ತಾಳೆ. ಸಂಗ್ಯಾನ ಕಣ್ಣು ಈರ್ಯಾನ ಹೆಂಡತಿ ಗಂಗಿಯ ಮೇಲೆ ಬಿದ್ದಿದೆ. ಅವಳ ಮನಸ್ಸು ತಿರುಗಿಸುವ ಕೆಲಸ ಈ ಮುದುಕಿಯದು. ಮಕ್ಕಳಿಗೆ ಅರ್ಥವಾಗದ, ದೊಡ್ಡವರು ಬಾಯಿಗೆ ಸೆರಗು ಹಚ್ಚಿಕೊಂಡು ನಗುವ ಮಾತಿಗೆ ಇಂಥ ಪಾತ್ರದಲ್ಲಿ ಬರವಿಲ್ಲ. ಆ ಮಾತು ತೆಗೆದುಹಾಕಿದರೆ ಆಟ ಕುಂಟುತ್ತದೆ. ಒಲ್ಲೆನೆಂದ ಗಂಗಿ ಹೇಗೆ ಒಲಿದಳು ಎಂಬುದು ತಿಳಿಯುವುದೇ ಅಲ್ಲಿ. ಬಾಳ್ಯಾ ಗೆಳೆತನಕ್ಕೆ ಎರಡು ಬಗೆದು, ಸಂಗ್ಯಾನ ಕೊಲೆಯಾಗುವಾಗ ಅಷ್ಟೊತ್ತು ನಕ್ಕವರ ಎದೆಯೇ ಮೊದಲು ಧಸಕ್ಕೆನ್ನುತ್ತದೆ.

ಇಂಥ ಆಟಗಳ ಮೇಲೆ ಬ್ರಿಟಿಷರ 1876ರ ನಾಟಕ ಪ್ರದರ್ಶನ ಕಾಯ್ದೆಯ ನೆರಳಿತ್ತು. ಕಲಕತ್ತೆಯ ಒಂದು ಅಣಕು ನಾಟಕಕ್ಕೆ ಕೆರಳಿ ತಂದ ಕಾಯ್ದೆಯದು. ನೋಡುವವರ ನಡತೆ ಕೆಡಿಸುತ್ತದೆ ಎನ್ನಿಸಿದ ಆಟವನ್ನೂ ಸರ್ಕಾರ ನಿಲ್ಲಿಸಬಹುದಿತ್ತು. ಮೀರಿದವರಿಗೆ 3 ತಿಂಗಳ ತನಕ ಜೈಲು. ಅದು ರದ್ದಾದದ್ದು 2018ರಲ್ಲಿ!

ಅಮೆರಿಕದ ಕಾರ್ಟೂನಿಗೂ ಇದೇ ತಂಟೆ. 1999ರಲ್ಲಿ ಫಾಕ್ಸ್ ವಾಹಿನಿಯಲ್ಲಿ ಶುರುವಾದ ‘ಫ್ಯೂಚರಾಮಾ’ ಸಾವಿರ ವರ್ಷ ಮುಂದಿನ ಕಾಲದ ಕತೆ. ಅದರಲ್ಲಿ ಬೆಂಡರ್ ಎಂಬ ರೋಬೋ ಕುಡಿಯುತ್ತಾನೆ, ಚುಟ್ಟಾ ಸೇದುತ್ತಾನೆ, ಕದಿಯುತ್ತಾನೆ. ಮದ್ಯವೇ ಅವನ ಇಂಧನ. ಕುಡಿಯುವುದು ಬಿಟ್ಟರೆ ಗದ್ದದ ಮೇಲೆ ಗಡ್ಡದಂತೆ ತುಕ್ಕು ಹಿಡಿಯುತ್ತದೆ, ನಡೆ ತೂರಾಡುತ್ತದೆ. ಮನುಷ್ಯನ ಚಟವನ್ನು ತಗಡಿನ ಮೈಗೆ ತೊಡಿಸಿ ತಲೆಕೆಳಗು ಮಾಡಿದ ಈ ಜಾಣತನ ನನಗೆ ಬಹಳ ಹಿಡಿಸುತ್ತದೆ. ವೈಜ್ಞಾನಿಕ ಕಲ್ಪನೆ ಇಲ್ಲಿ ಬರೀ ಅಲಂಕಾರವಲ್ಲ, ನಗೆಯ ಬೇರೇ ಅದು.

ಅಲ್ಲಿನ ನಿಯಮ ಗಡಿಯಾರ ನೋಡುತ್ತದೆ. ಆಂಟೆನಾದಿಂದ ಮನೆಮನೆಗೆ ಬರುವ ವಾಹಿನಿಯಲ್ಲಿ ಬೆಳಿಗ್ಗೆ 6ರಿಂದ ರಾತ್ರಿ 10ರವರೆಗೆ ಅಸಭ್ಯ ಮಾತು, ದೃಶ್ಯ ಕೂಡದು. ಕೇಬಲ್ಲಿಗೆ ಆ ಕಟ್ಟಿಲ್ಲ. ಆದರೂ 2013ರಲ್ಲಿ ಕೇಬಲ್ಲಿನಲ್ಲೇ ಆರಂಭವಾದ ‘ರಿಕ್ ಅಂಡ್ ಮಾರ್ಟಿ’ ಕಾರ್ಟೂನಿನ ಬೈಗುಳಗಳ ಮೇಲೆ ವಾಹಿನಿಯವರೇ ‘ಬೀಪ್’ ಹಾಕುತ್ತಿದ್ದರು. ಜಾಹೀರಾತು ಕೊಡುವವರ ಮುಖ ನೋಡಬೇಕಲ್ಲ!

ನಮ್ಮಲ್ಲಿ ಚಿತ್ರಮಂದಿರದ ಸಿನಿಮಾಕ್ಕೆ ಸೆನ್ಸಾರ್ ಮಂಡಳಿಯ ಪ್ರಮಾಣಪತ್ರ ಬೇಕು. ಟಿವಿ ಧಾರಾವಾಹಿಗೆ ಬೇಡ. ಅದನ್ನು ಅಳೆಯುವುದು ಕೇಬಲ್ ಟೆಲಿವಿಷನ್ ಜಾಲದ 1994ರ ನಿಯಮಗಳು. ಮಕ್ಕಳು ಹೆಚ್ಚಾಗಿ ನೋಡುವ ಹೊತ್ತಿನಲ್ಲಿ ಅವರಿಗೆ ತಕ್ಕುದಲ್ಲದ್ದನ್ನು ಬಿತ್ತರಿಸಬಾರದು ಎಂಬ ಮಾತು ಅದರಲ್ಲಿದೆ, ನ್ಯಾಯವಾದ ಮಾತು. ಆದರೆ ‘ಸದಭಿರುಚಿಗೆ ಧಕ್ಕೆ’ ಎಂಬ ಇನ್ನೊಂದು ಮಾತಿಗೆ ಅಳತೆಗೋಲಿಲ್ಲ. ಅದಕ್ಕೆ ಹೆದರಿ ವಾಹಿನಿಗಳು ತಾವೇ ಮುಂಚಿತವಾಗಿ ಕತ್ತರಿ ಆಡಿಸುತ್ತವೆ, ಚಿತ್ರದ ಮಾತು ಅರ್ಧಕ್ಕೇ ಮೂಕವಾಗುತ್ತದೆ.

ಮೊಬೈಲಿನಲ್ಲಿ ನೋಡುವವರಿಗೆ ಹೊತ್ತು ಗೊತ್ತಿಲ್ಲ, ಅಲ್ಲಿ ಗಡಿಯಾರದ ನಿಯಮ ನಡೆಯದು. 2021ರ ಮಾಹಿತಿ ತಂತ್ರಜ್ಞಾನ ನಿಯಮಗಳು ಅದಕ್ಕೇ ವಯಸ್ಸಿನ ಗುರುತು ತಂದವು: 7, 13, 16, ಆಮೇಲೆ ವಯಸ್ಕರಿಗೆ ಮಾತ್ರ. 13ರ ಗುರುತಿನಿಂದ ಮೇಲಕ್ಕೆ ತಂದೆತಾಯಿ ಹಾಕಬಹುದಾದ ಬೀಗವನ್ನು ಬಿತ್ತರಿಸುವ ಕಂಪನಿ ಒದಗಿಸಬೇಕು. ಕತ್ತರಿಗಿಂತ ಈ ಬೀಗವೇ ನನಗೆ ಒಪ್ಪಿಗೆ. ಬೆಂಡರನಾಗಲಿ ಪಾರಮ್ಮನಾಗಲಿ, ಬೆಳೆದವರಿಗೆ ಇಡಿಯಾಗಿ ಸಿಗುತ್ತಾರೆ.